ಓದುಗರ ಪ್ರಶ್ನೆ: ಮಳೆ ಲೆಕ್ಕ, ಪ್ರೋಟೋಬಫ್ ಮತ್ತು ಸಿಗದ ಲೈಬ್ರರಿ

ಪ್ರಶ್ನೆ: ತೋಟದ ಮಳೆ ಮಾಪಕಗಳ ರೀಡಿಂಗನ್ನು ಮನೆಯ ರಾಸ್ಪ್‌ಬೆರಿ ಪೈ ಎಂಬ ಪುಟ್ಟ ಕಂಪ್ಯೂಟರ್ ಪ್ರೋಟೋಬಫ್ (ಡೇಟಾವನ್ನು ಬೈಟ್‌ಗಳಾಗಿ ಅಡಕವಾಗಿ ಬರೆಯುವ ವಿಧಾನ) ರೂಪದಲ್ಲಿ ಉಳಿಸಿಡುತ್ತದೆ. ಪ್ರೋಗ್ರಾಂ ಸಿ ಪ್ಲಸ್ ಪ್ಲಸ್‌ನದ್ದು. ಅದರ ಲಿನಕ್ಸ್ ವ್ಯವಸ್ಥೆ ಡೆಬಿಯನ್ ಅನ್ನು 11ರಿಂದ 12ಕ್ಕೆ ಏರಿಸಿದ ಮೇಲೆ ‘ಲಿಬ್‌ಪ್ರೋಟೋಬಫ್ ಡಾಟ್ ಎಸ್‌ಒ ಡಾಟ್ 23 ಸಿಗುತ್ತಿಲ್ಲ’ ಎಂದು ನಿಂತಿತು. ಹೊಸದರಲ್ಲಿರುವುದು 32. ಅದಕ್ಕೇ 23ರ ಹೆಸರಿನಲ್ಲಿ ಸಿಮ್‌ಲಿಂಕ್ (ಒಂದು ಫೈಲಿಗೆ ಇನ್ನೊಂದು ಹೆಸರಿನ ಕೊಂಡಿ) ಹಾಕಿದೆ. ಈಗ ಯಾವುದೋ ಸಿಂಬಲ್ (ಲೈಬ್ರರಿಯೊಳಗಿನ ಫಂಕ್ಷನ್ ಮುಂತಾದುದರ ಹೆಸರು) ಇಲ್ಲ ಎನ್ನುತ್ತಿದೆ.
— ನಾಪೋಕ್ಲು

ಉತ್ತರ: ಮೊದಲು ಆ ಸಿಮ್‌ಲಿಂಕ್ ಅಳಿಸಿ. ಲೈಬ್ರರಿ ಫೈಲಿನ ಹೆಸರಲ್ಲಿ ಎಸ್‌ಒ ಆದಮೇಲೆ ಬರುವ ಅಂಕಿ ಅಲಂಕಾರಕ್ಕಲ್ಲ. 23ಕ್ಕೆ ಕಂಪೈಲ್ ಆದದ್ದು 32ರೊಡನೆ ಹೊಂದುವುದಿಲ್ಲ ಎಂದು ಲೈಬ್ರರಿ ಮಾಡಿದವರೇ ಹಾಕಿದ ಗುರುತು. ನಡುವೆ ಫಂಕ್ಷನ್‌ಗಳು ಹೋಗಿವೆ, ಕ್ಲಾಸುಗಳ ಒಳವಿನ್ಯಾಸ ಬದಲಾಗಿದೆ. ಸಿಂಬಲ್ ಸಿಗದೆ ನಿಂತದ್ದು ನಿಮ್ಮ ಪುಣ್ಯ. ಎಲ್ಲ ಸಿಂಬಲ್‌ಗಳೂ ಸಿಕ್ಕಿ ವಿನ್ಯಾಸ ಮಾತ್ರ ಬೇರೆಯಾಗಿದ್ದರೆ ಮೆಮೊರಿ ಕೆಟ್ಟು, ತಪ್ಪು ಮಳೆ ಲೆಕ್ಕ ಸದ್ದಿಲ್ಲದೆ ಫೈಲಿಗೆ ಸೇರುತ್ತಿತ್ತು.

ಆಮೇಲೆ ಎರಡು ಪ್ಯಾಕೇಜ್ ಬೇಕು. ಎಣಿಕೆಯಿರುವ ಎಸ್‌ಒ ಫೈಲಷ್ಟೇ ಇರುವ ರನ್‌ಟೈಮ್ ಪ್ಯಾಕೇಜಿನಿಂದ ಪ್ರೋಗ್ರಾಂ ಓಡುತ್ತದೆ, ಕಟ್ಟಲು ಆಗುವುದಿಲ್ಲ. ಹೆಡರ್‌ಗಳು, ಸ್ಟ್ಯಾಟಿಕ್ ಲೈಬ್ರರಿ, ಎಣಿಕೆಯಿಲ್ಲದ ಎಸ್‌ಒ ಲಿಂಕ್, ಪಿಕೆಜಿ-ಕಾನ್ಫಿಗ್ ಫೈಲ್ ಇವೆಲ್ಲ ಇರುವುದು ‘ಡೆವ್’ ಪ್ಯಾಕೇಜಿನಲ್ಲಿ. ಅದರ ಜೊತೆ, ಫೀಲ್ಡುಗಳ ಪಟ್ಟಿಯಿರುವ ಪ್ರೋಟೋ ಫೈಲಿನಿಂದ ಸಿ ಪ್ಲಸ್ ಪ್ಲಸ್ ಕೋಡ್ ಬರೆದುಕೊಡುವ ಪ್ರೋಟಾಕ್ ಕಂಪೈಲರ್ ಹಾಕಿಕೊಳ್ಳಿ. ಡೆಬಿಯನ್ 12ರಲ್ಲಿ ಎರಡೂ 3.21 ಸರಣಿಯವೇ.

ಮುಖ್ಯವಾದದ್ದು ಮುಂದಿನ ಹೆಜ್ಜೆ, ಹೆಚ್ಚಿನವರು ಜಾರುವುದೂ ಇಲ್ಲೇ. ಹಳೆಯ ಪ್ರೋಟಾಕ್ ಬರೆದುಕೊಟ್ಟ ಹೆಡರ್ ಮತ್ತು ಸೋರ್ಸ್ ಫೈಲ್ ಉಳಿಸಿಕೊಂಡು ಬರೀ ಮತ್ತೆ ಕಂಪೈಲ್ ಮಾಡಿದರೆ ಆವೃತ್ತಿ ಹೊಂದುವುದಿಲ್ಲ ಎಂಬ ದೂರು ಬರುತ್ತದೆ. ಅವನ್ನು ಅಳಿಸಿ, ಪ್ರೋಟೋ ಫೈಲಿನಿಂದ ಹೊಸದಾಗಿ ತೆಗೆದು, ಆಬ್ಜೆಕ್ಟ್ ಫೈಲ್ ಒಂದನ್ನೂ ಬಿಡದೆ ಕಟ್ಟಿ. ಕೊನೆಗೆ ಎಲ್‌ಡಿಡಿ (ಪ್ರೋಗ್ರಾಂ ಬಳಸುವ ಲೈಬ್ರರಿಗಳನ್ನು ತೋರಿಸುವ ಕಮಾಂಡ್) ಓಡಿಸಿ ಎಲ್ಲಿನ ಲೈಬ್ರರಿ ಸಿಕ್ಕಿದೆ ನೋಡಿ. ಹಿಂದೆ ಯಾವಾಗಲೋ ಸೋರ್ಸ್‌ನಿಂದ ಕಟ್ಟಿದ ಪ್ರತಿ ‘ಯುಎಸ್‌ಆರ್ ಲೋಕಲ್’ ಫೋಲ್ಡರಿನಲ್ಲಿ ಕೂತಿದ್ದರೆ, ಹೆಡರ್ ಅಲ್ಲಿಯದು, ಲೈಬ್ರರಿ ಇಲ್ಲಿಯದು ಆಗಿಬಿಡುತ್ತದೆ.

ಹಳೆಯ ಮಳೆ ಫೈಲುಗಳ ಚಿಂತೆ ಬೇಡ. ಪ್ರೋಟೋಬಫ್‌ನ ಬೈಟ್ ರೂಪ ಲೈಬ್ರರಿ ಆವೃತ್ತಿಯ ಜೊತೆ ಬದಲಾಗುವುದಿಲ್ಲ.

ಪ್ರಶ್ನೆ: ಪ್ರೋಟೋಬಫ್‌ನಲ್ಲಿಟ್ಟ ಕಾಫಿ ಖರೀದಿ ಲೆಕ್ಕದಲ್ಲಿ 4ನೇ ಫೀಲ್ಡ್ ತೇವಾಂಶ ಇತ್ತು. ತೆಗೆದು ಅಲ್ಲಿ ಚೀಲದ ಸಂಖ್ಯೆ ಹಾಕಿದೆ. ಹಳೆಯ ದಾಖಲೆ ತೆರೆದರೆ ಎಲ್ಲರದ್ದೂ 11 ಚೀಲ! ಎರರ್ ಮಾತ್ರ ಬರಲಿಲ್ಲ.
— ಪೊನ್ನಂಪೇಟೆ

ಉತ್ತರ: ಬರುವುದೂ ಇಲ್ಲ. ಬೈಟ್‌ಗಳಲ್ಲಿ ಫೀಲ್ಡಿನ ಹೆಸರಿರುವುದಿಲ್ಲ, ನಂಬರ್ ಮತ್ತು ಮೌಲ್ಯದ ಜಾತಿ ಮಾತ್ರ. ಎರಡೂ ಪೂರ್ಣಾಂಕವಾದ್ದರಿಂದ ತೇವಾಂಶ 11 ನೇರವಾಗಿ 11 ಚೀಲವಾಯಿತು. ತೆಗೆದ ನಂಬರನ್ನು ‘ರಿಸರ್ವ್ಡ್’ ಎಂದು ಬರೆದಿಡಿ. ಇನ್ನೊಮ್ಮೆ ಬಳಸಹೋದರೆ ಪ್ರೋಟಾಕ್ ತಡೆಯುತ್ತದೆ. ಚೀಲಕ್ಕೆ ಹೊಸ ನಂಬರ್ ಕೊಡಿ. 1ರಿಂದ 15ರವರೆಗೆ ಟ್ಯಾಗ್ ಒಂದೇ ಬೈಟ್, 16ರಿಂದ 2047ಕ್ಕೆ ಎರಡು. ಹಾಗಾಗಿ ದಿನವೂ ತುಂಬುವ ಫೀಲ್ಡುಗಳಿಗೆ ಚಿಕ್ಕ ನಂಬರ್ ಉಳಿಸಿ. ಋಣ ಸಂಖ್ಯೆ ಬರುವಲ್ಲಿ ‘ಇಂಟ್32’ ಬೇಡ, ‘ಎಸ್‌ಇಂಟ್32’ ಇರಲಿ: ಮೊದಲನೆಯದು ಮೈನಸ್ 1ಕ್ಕೂ 10 ಬೈಟ್ ತಿನ್ನುತ್ತದೆ, ಎರಡನೆಯದಕ್ಕೆ ಒಂದು ಸಾಕು.

ಮಳೆ ಲೆಕ್ಕದವರಿಗೂ ಇಲ್ಲಿ ಒಂದು ಮಾತು. ಪ್ರೋಟೋ ಫೈಲ್ ಬರೆಯುವ ಭಾಷೆಯ 3ನೇ ರೂಪವಾದ ಪ್ರೋಟೋ 3ರಲ್ಲಿ ಸೊನ್ನೆ ಮೌಲ್ಯವನ್ನು ಬರೆಯುವುದೇ ಇಲ್ಲ. ಮಳೆ ಬೀಳದ ದಿನವೂ, ಮಾಪಕ ಕೆಟ್ಟ ದಿನವೂ ಓದುವಾಗ ಒಂದೇ ಸೊನ್ನೆ. ಆ ಫೀಲ್ಡಿಗೆ ‘ಆಪ್ಶನಲ್’ ಸೇರಿಸಿದರೆ ಮೌಲ್ಯ ಬಂದಿತ್ತೇ ಇಲ್ಲವೇ ಕೇಳಬಹುದು. ನಮ್ಮಲ್ಲಿ ಹೇಗೂ ಮಳೆಯನ್ನು ಇಂಚು-ಸೆಂಟ್‌ನಲ್ಲಿ (ಸೆಂಟ್ ಎಂದರೆ ಇಂಚಿನ ನೂರನೇ ಒಂದು ಭಾಗ) ಹೇಳುವುದು. 1 ಇಂಚು 20 ಸೆಂಟನ್ನು 120 ಎಂಬ ಪೂರ್ಣಾಂಕವಾಗಿಯೇ ಇಡಿ. ಫ್ಲೋಟ್ (ದಶಮಾಂಶ ಸಂಖ್ಯೆಯ ಜಾತಿ) ಆಗಿ ಇಟ್ಟರೆ ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಕೂಡಿದಾಗ ಕೊನೆಯ ಅಂಕಿ ತಪ್ಪಬಹುದು.

ಪ್ರಶ್ನೆ: ಪೈಥಾನ್‌ನಲ್ಲಿ ಜೇಸನ್ (ಡೇಟಾವನ್ನು ಪಠ್ಯವಾಗಿ ಬರೆಯುವ ರೂಪ) ಬರೆದರೆ ಊರಿನ ಹೆಸರು ಬ್ಯಾಕ್‌ಸ್ಲ್ಯಾಷ್-ಯು ಸಾಲಾಗಿ ಬರುತ್ತಿದೆ. ಡೇಟಾ ಕೆಟ್ಟಿತೇ?
— ಕುಶಾಲನಗರ

ಉತ್ತರ: ಇಲ್ಲ, ಮತ್ತೆ ಓದಿದರೆ ಸರಿಯಾಗಿ ಬರುತ್ತದೆ. ಕನ್ನಡದಂಥ ಅಕ್ಷರಗಳನ್ನು ಹೀಗೆ ಎಸ್ಕೇಪ್ ಸಾಲಾಗಿಸುವ ‘ಎನ್‌ಶೂರ್ ಆಸ್ಕಿ’ ಎಂಬ ಆಯ್ಕೆ ತಾನಾಗಿ ಆನ್ ಇರುತ್ತದೆ. ಆಫ್ ಮಾಡಿ, ಫೈಲನ್ನು ಯುಟಿಎಫ್-8 ಎಂದು ಹೇಳಿಯೇ ತೆರೆಯಿರಿ. ಜಾಗವೂ ಉಳಿಯುತ್ತದೆ: ‘ಕೊಡಗು’ ಎಂಬುದಕ್ಕೆ ಎಸ್ಕೇಪ್ ರೂಪದಲ್ಲಿ 30 ಬೈಟ್, ಯುಟಿಎಫ್-8ರಲ್ಲಿ 15.

ಪ್ರಶ್ನೆ: ಬೇರೆಯವರು ಕಳಿಸಿದ ಪಿಕಲ್ ಫೈಲ್ (ಪೈಥಾನ್ ತನ್ನ ಡೇಟಾ ಉಳಿಸುವ ರೂಪ) ತೆರೆಯಬಹುದೇ? ಯಾಮಲ್ (ಜೇಸನ್‌ನಂತೆ ಪಠ್ಯ ರೂಪ) ಆದರೆ?
— ಸೋಮವಾರಪೇಟೆ

ಉತ್ತರ: ಪಿಕಲ್ ಬೇಡವೇ ಬೇಡ. ಅದನ್ನು ಓದುವುದೆಂದರೆ ಕಳಿಸಿದವರ ಕೋಡನ್ನು ನಿಮ್ಮ ಯಂತ್ರದಲ್ಲಿ ಓಡಿಸಲು ಬಿಟ್ಟಂತೆ. ಜೇಸನ್‌ನಲ್ಲಿ ಕಳಿಸಲು ಹೇಳಿ. ಯಾಮಲ್ ಆದರೆ ‘ಸೇಫ್ ಲೋಡ್’ನಿಂದ ಮಾತ್ರ ಓದಿ. ಯಾಮಲ್ ಓದುವ ಪೈಥಾನ್ ಲೈಬ್ರರಿ ಪೈಯಾಮಲ್‌ನಲ್ಲಿ ‘ನೋ’ ಎಂದು ಕೋಟ್ ಇಲ್ಲದೆ ಬರೆದ ಪದ ‘ಫಾಲ್ಸ್’ ಆಗಿಬಿಡುತ್ತದೆ, ಆದ್ದರಿಂದ ಪದಗಳಿಗೆ ಕೋಟ್ ಹಾಕಿಸಿ.