ಗಂಡೋ ಹೆಣ್ಣೋ ತಿಳಿಯದ ಗೊರವಂಕ

ಪ್ರಶ್ನೆ: ಗೊರವಂಕ ‘ಮಾನೋಮಾರ್ಫಿಕ್’ ಹಕ್ಕಿ ಎಂದು ಓದಿದೆ. ಹಾಗೆಂದರೇನು? ಅದರಲ್ಲಿ ಗಂಡು ಹೆಣ್ಣು ಗುರುತಿಸುವುದು ಹೇಗೆ?

ಉತ್ತರ: ಗ್ರೀಕಿನಲ್ಲಿ ‘ಮೋನೋಸ್’ ಎಂದರೆ ಒಂದು, ‘ಮಾರ್ಫೆ’ ಎಂದರೆ ರೂಪ. ಕನ್ನಡದಲ್ಲಿ ಏಕರೂಪಿ ಎನ್ನಬಹುದು. ಆದರೆ ‘ಯಾವ ಲಕ್ಷಣದಲ್ಲಿ’ ಎಂದು ಹೇಳದಿದ್ದರೆ ಈ ಪದ ಅರ್ಧ ಮಾತ್ರ. ಗೊರವಂಕದಲ್ಲಿ ಗಂಡು ಹೆಣ್ಣಿನ ಬಣ್ಣ ಒಂದೇ, ಅಷ್ಟೇ. ಕೋಗಿಲೆ ಹಾಗಲ್ಲ: ಗಂಡು ಕಪ್ಪು, ಹೆಣ್ಣು ಕಂದುಮೈಯ ಚುಕ್ಕೆಹಕ್ಕಿ. ಗಿಳಿಯಲ್ಲಿ ಕೊರಳಪಟ್ಟಿ ಗಂಡಿಗೆ ಮಾತ್ರ. ಮರಿಗಂಡಿಗೆ ಅದು ಇನ್ನೂ ಮೂಡಿರುವುದಿಲ್ಲ, ಅದಕ್ಕೇ ಹೆಣ್ಣೆಂದು ಮೋಸಹೋಗುವವರು ಹೆಚ್ಚು.

ಏಕರೂಪಿ ಹಕ್ಕಿಗಳಿಗೆ ನಂಬಬಹುದಾದ ದಾರಿ ಡಿಎನ್ಎ ಪರೀಕ್ಷೆ. ಹಕ್ಕಿಗಳಲ್ಲಿ ಗಂಡಿಗೆ ಎರಡು ಝಡ್ ವರ್ಣತಂತು, ಹೆಣ್ಣಿಗೆ ಒಂದು ಝಡ್, ಒಂದು ಡಬ್ಲ್ಯೂ. ಸಿಎಚ್‌ಡಿ ಎಂಬ ಜೀನ್ ಝಡ್, ಡಬ್ಲ್ಯೂ ಎರಡರಲ್ಲೂ ಇದೆ, ಆದರೆ ಅದರೊಳಗಿನ ಒಂದು ತುಣುಕಿನ ಉದ್ದ ಬೇರೆ. ಪಿಸಿಆರ್‌ನಲ್ಲಿ (ಡಿಎನ್ಎ ನಕಲು ಮಾಡುವ ವಿಧಾನ) ಅದರ ಅಸಂಖ್ಯ ನಕಲು ಮಾಡಿ ಜೆಲ್‌ನಲ್ಲಿ (ತುಣುಕುಗಳನ್ನು ಉದ್ದಕ್ಕೆ ತಕ್ಕಂತೆ ಬೇರ್ಪಡಿಸುವ ಲೋಳೆ ಪದರ) ಓಡಿಸಿದರೆ ಗಂಡಿಗೆ ಒಂದು ಪಟ್ಟಿ, ಹೆಣ್ಣಿಗೆ ಎರಡು. ಮಾದರಿಗೆ ಒಂದು ಹನಿ ರಕ್ತ ಅಥವಾ ಆಗಷ್ಟೇ ಕಿತ್ತ ಗರಿ ಬೇಕು. ಡಿಎನ್ಎ ಸಿಗುವುದು ಗರಿಯ ಬುಡದಲ್ಲಿ, ಅಲ್ಲಿ ಬೆರಳು ತಾಗಿಸಬಾರದು. ಉದುರಿ ಬಿಸಿಲುಂಡ ಗರಿಯಲ್ಲಿ ಡಿಎನ್ಎ ಹಾಳಾಗಿ ಡಬ್ಲ್ಯೂ ಪಟ್ಟಿ ಮೂಡದೇ ಹೋಗಬಹುದು. ಆಗ ಹೆಣ್ಣೇ ಗಂಡಾಗಿ ಕಾಣುತ್ತದೆ! ಕೆಲವು ಪ್ರಭೇದಗಳಲ್ಲಿ ಎರಡು ತುಣುಕುಗಳೂ ಹೆಚ್ಚುಕಡಿಮೆ ಒಂದೇ ಉದ್ದ, ಅವಕ್ಕೆ ಬೇರೆ ಪ್ರೈಮರ್ (ಯಾವ ತುಣುಕು ನಕಲಾಗಬೇಕೆಂದು ಗುರುತಿಸುವ ಚಿಕ್ಕ ಡಿಎನ್ಎ ಎಳೆ) ಬೇಕು. (ಗರಿ ಕೀಳಲೆಂದು ಕಾಡುಹಕ್ಕಿಯನ್ನು ಅನುಮತಿಯಿಲ್ಲದೆ ಹಿಡಿಯುವುದು ಅಪರಾಧ.)

‘ಒಂದೇ ರೂಪ’ ಎಂಬುದು ನಮ್ಮ ಕಣ್ಣಿನ ತೀರ್ಪು ಮಾತ್ರ ಆಗಿರಲೂಬಹುದು. ಯುರೋಪಿನ ಬ್ಲೂ ಟಿಟ್ ಹಕ್ಕಿಯಲ್ಲಿ ಗಂಡು ಹೆಣ್ಣು ನಮಗೆ ಒಂದೇ ಥರ. 1998ರಲ್ಲಿ ಅಳೆದಾಗ ಗಂಡಿನ ನೆತ್ತಿ ಹೆಚ್ಚು ನೇರಳಾತೀತ ಬೆಳಕನ್ನು ಪ್ರತಿಫಲಿಸುವುದು ಗೊತ್ತಾಯಿತು. ಹಕ್ಕಿಗಳಿಗೆ ಆ ಬೆಳಕು ಕಾಣುತ್ತದೆ.

ತಳಿಶಾಸ್ತ್ರದಲ್ಲೂ ಇದೇ ಪದವಿದೆ. ಒಂದು ಸಮೂಹದಲ್ಲಿ ಜೀನಿನ ಒಂದೇ ರೂಪ ಶೇ. 99ಕ್ಕಿಂತ ಹೆಚ್ಚಿದ್ದರೆ ಆ ಜೀನ್ ಅಲ್ಲಿ ಏಕರೂಪಿ, ಕೆಲವರು ಶೇ. 95ಕ್ಕೇ ಗೆರೆ ಎಳೆಯುತ್ತಾರೆ. 1983ರಲ್ಲಿ ದಕ್ಷಿಣ ಆಫ್ರಿಕಾದ 55 ಚೀತಾಗಳನ್ನು ಪರೀಕ್ಷಿಸಿದಾಗ, ನೋಡಿದ 47 ಕಿಣ್ವ ಜೀನ್‌ಗಳೂ ಏಕರೂಪಿಯಾಗಿದ್ದವು. ಹಾಗೆಂದು ಚೀತಾಗಳು ಒಂದರ ನಕಲು ಇನ್ನೊಂದಲ್ಲ, ಮೈಮೇಲಿನ ಚುಕ್ಕೆ ಒಂದೊಂದಕ್ಕೂ ಬೇರೆ. ಸಮಯುಗ್ಮಜಿ (ಜೀನಿನ ಎರಡು ಪ್ರತಿಗಳೂ ಒಂದೇ ಆಗಿರುವ ಜೀವಿ) ಎಂಬುದರ ಜೊತೆಗೂ ಇದನ್ನು ಬೆರೆಸಬೇಡಿ: ಅದು ಒಂದು ಜೀವಿಯ ಮಾತು, ಏಕರೂಪಿ ಇಡೀ ಸಮೂಹದ್ದು.