ತಿಂಗಳಿಗೆ ಐದು ಸಾವಿರ ಉಳಿಸೋಕೆ 34 ಲಕ್ಷ?

ಮನೆಸಾಲದ ಬಗ್ಗೆ ಬಂದ ಪ್ರಶ್ನೆಗಳಲ್ಲಿ ಮೂರನ್ನು ಈ ಸಲ ಎತ್ತಿಕೊಂಡಿದ್ದೇನೆ. ಮೊದಲನೆಯದಕ್ಕೆ ಉತ್ತರ ಉದ್ದವಾಗಿದೆ. ಅದರಲ್ಲಿ ಎಲ್ಲರಿಗೂ ಬೇಕಾದ ಲೆಕ್ಕ ಇದೆ.

ಪ್ರಶ್ನೆ: ನನಗೆ 34 ವರ್ಷ. ಮೈಸೂರಿನಲ್ಲಿ ಖಾಸಗಿ ಕಾಲೇಜಿನ ಉಪನ್ಯಾಸಕ. ಹೆಂಡತಿಯೂ ಕೆಲಸದಲ್ಲಿದ್ದಾಳೆ. ಇಬ್ಬರದೂ ಸೇರಿ ತಿಂಗಳಿಗೆ 1.10 ಲಕ್ಷ ಕೈಗೆ ಬರುತ್ತದೆ. 65 ಲಕ್ಷದ ಒಂದು ಫ್ಲಾಟ್ ಇಷ್ಟವಾಗಿದೆ. 50 ಲಕ್ಷ ಸಾಲ ಮಾಡಬೇಕು, ಬಡ್ಡಿ ಶೇ 8.5. ಇಪ್ಪತ್ತು ವರ್ಷಕ್ಕೆ ತಗೊಂಡರೆ ಕಂತು 43,391 ರೂಪಾಯಿ, ಮೂವತ್ತು ವರ್ಷಕ್ಕಾದರೆ 38,446. ಬ್ಯಾಂಕಿನವರು ಮೂವತ್ತೇ ಇರಲಿ, ಕೈ ಹಗುರ ಅಂತಾರೆ. ಗೆಳೆಯರು ಮನೆಸಾಲದಿಂದ ಟ್ಯಾಕ್ಸ್ ಉಳಿಯುತ್ತೆ ಅಂತಾರೆ. ಅಪ್ಪ ಮಾತ್ರ ಸಾಲ ಅಂದರೆ ಸಾಲವೇ, ಬೇಗ ತೀರಿಸು ಅಂತಾರೆ. ಯಾರ ಮಾತು ಕೇಳಲಿ?

ಉತ್ತರ: ಮೊದಲು ನಿಮ್ಮ ಎರಡು ಕಂತುಗಳನ್ನು ತಿಂಗಳಿಂದ ಗುಣಿಸಿ ನೋಡೋಣ. 43,391ನ್ನು 240 ತಿಂಗಳು ಕಟ್ಟಿದರೆ ಒಟ್ಟು 1.04 ಕೋಟಿ. 38,446ನ್ನು 360 ತಿಂಗಳು ಕಟ್ಟಿದರೆ 1.38 ಕೋಟಿ. ಸಾಲ ಎರಡರಲ್ಲೂ ಅದೇ 50 ಲಕ್ಷ. ಬಡ್ಡಿ ಮಾತ್ರ ಒಂದರಲ್ಲಿ 54 ಲಕ್ಷ, ಇನ್ನೊಂದರಲ್ಲಿ 88 ಲಕ್ಷ. ತಿಂಗಳಿಗೆ ಸುಮಾರು ಐದು ಸಾವಿರ ಹಗುರ ಮಾಡಿಕೊಳ್ಳೋದಕ್ಕೆ ನೀವು ಕೊಡುವ ಬೆಲೆ 34 ಲಕ್ಷ.

ಹೀಗ್ಯಾಕೆ ಅಂತ ಮೊದಲ ಕಂತನ್ನು ಬಿಚ್ಚಿ ನೋಡಿದರೆ ತಿಳಿಯುತ್ತದೆ. 50 ಲಕ್ಷಕ್ಕೆ ಶೇ 8.5ರಂತೆ ಒಂದು ತಿಂಗಳ ಬಡ್ಡಿ 35,417 ರೂಪಾಯಿ. ಬ್ಯಾಂಕು ಅದನ್ನು ಮೊದಲು ತಗೊಳ್ಳುತ್ತದೆ. ಉಳಿದದ್ದು ಮಾತ್ರ ಅಸಲಿಗೆ. ಇಪ್ಪತ್ತು ವರ್ಷದ ಸಾಲದಲ್ಲಿ ಹಾಗೆ ಉಳಿಯೋದು 7,974. ಮೂವತ್ತು ವರ್ಷದ್ದರಲ್ಲಿ 3,029. ನೀವು ಕಡಿಮೆ ಮಾಡಿಸಿಕೊಂಡ ಆ ಐದು ಸಾವಿರ ಬಡ್ಡಿಯ ಪಾಲಿನಿಂದ ಒಂದು ಪೈಸೆ ಕಡಿಮೆಯಾಗಿಲ್ಲ, ನೋಡಿ. ಪೂರ್ತಿ ಅಸಲಿನ ಪಾಲಿನಿಂದಲೇ ಹೋಗಿದೆ. ಅಸಲು ಕರಗದಿದ್ದರೆ ಮುಂದಿನ ತಿಂಗಳ ಬಡ್ಡಿಯೂ ಇಳಿಯಲ್ಲ.

ಹತ್ತು ವರ್ಷ ಆದಮೇಲಿನ ಚಿತ್ರ ಇನ್ನೂ ಬೇಜಾರಿನದ್ದು. ಇಪ್ಪತ್ತು ವರ್ಷದ ಸಾಲದಲ್ಲಿ ಆ ಹೊತ್ತಿಗೆ 52 ಲಕ್ಷ ಕಟ್ಟಿರುತ್ತೀರಿ. ಆದರೂ ಅಸಲು 35 ಲಕ್ಷ ಬಾಕಿ. ಮೂವತ್ತು ವರ್ಷದ್ದರಲ್ಲಿ 46 ಲಕ್ಷ ಕಟ್ಟಿದ ಮೇಲೂ 44.3 ಲಕ್ಷ ಬಾಕಿ. ಹತ್ತು ವರ್ಷದ ದುಡಿಮೆಗೆ ಕರಗಿದ ಅಸಲು ಆರು ಲಕ್ಷವೂ ಇಲ್ಲ. ನಮ್ಮಲ್ಲಿ ಎಷ್ಟೋ ಜನ ಎಂಟು ಹತ್ತು ವರ್ಷಕ್ಕೆ ಫ್ಲಾಟ್ ಮಾರಿ ದೊಡ್ಡ ಮನೆಗೆ ಹೋಗುತ್ತಾರೆ. 'ಕೊಂಡಿದ್ದು 65ಕ್ಕೆ, ಮಾರಿದ್ದು 95ಕ್ಕೆ' ಅಂತ ಖುಷಿಯಾಗಿ ಹೇಳುತ್ತಾರೆ. ನಡುವೆ ಕಟ್ಟಿದ ಬಡ್ಡಿ ಆ ಲೆಕ್ಕದಲ್ಲಿ ಬರೋದೇ ಇಲ್ಲ.

ಇನ್ನೊಂದು ಮಗ್ಗುಲನ್ನೂ ಹೇಳಬೇಕು. ಮೂವತ್ತನೇ ವರ್ಷದ 38 ಸಾವಿರಕ್ಕೆ ಇವತ್ತಿನ 38 ಸಾವಿರದ ಬೆಲೆ ಇರಲ್ಲ. ಸಂಬಳ ಏರುತ್ತದೆ, ಕಂತು ಅಷ್ಟೇ ಇರುತ್ತದೆ. ಹಾಗಾಗಿ 88 ಲಕ್ಷ ಅನ್ನೋ ಅಂಕಿ ನೋಡಿ ಎದೆ ಒಡೆದುಕೊಳ್ಳಬೇಡಿ. ಆದರೆ ನಿಮಗೆ ಈಗ 34. ಮೂವತ್ತು ವರ್ಷ ಅಂದರೆ 64. ನಿವೃತ್ತಿ 60ಕ್ಕೋ ಅದಕ್ಕಿಂತ ಮುಂಚೆಯೋ ಆದರೆ, ಕೊನೆಯ ನಾಲ್ಕು ವರ್ಷದ ಕಂತು ಎಲ್ಲಿಂದ ಬರುತ್ತೆ? ಪಿಎಫ್ ದುಡ್ಡಿನಿಂದಲೇ ಅಲ್ವಾ?

ಈಗ ಗೆಳೆಯರ ಟ್ಯಾಕ್ಸ್ ಮಾತು. ಹಳೆಯ ತೆರಿಗೆ ಪದ್ಧತಿಯಲ್ಲಿ, ನಾವೇ ವಾಸ ಇರುವ ಮನೆಯ ಸಾಲದ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ ವಿನಾಯಿತಿ ಇದೆ. ಶೇ 30ರ ಸ್ಲ್ಯಾಬಿನಲ್ಲಿರುವವರಿಗೂ ಅದರಿಂದ ಉಳಿಯೋದು, ತೆರಿಗೆ ಮೇಲಿನ ಸೆಸ್ಸೂ ಸೇರಿ, ಹೆಚ್ಚೆಂದರೆ 62,400 ರೂಪಾಯಿ. ಮೊದಲ ವರ್ಷ ನೀವು ಕಟ್ಟುವ ಬಡ್ಡಿ 4.2 ಲಕ್ಷ. ಹೊಸ ಪದ್ಧತಿಯಲ್ಲಂತೂ ಸ್ವಂತ ವಾಸದ ಮನೆಗೆ ಈ ವಿನಾಯಿತಿಯೇ ಇಲ್ಲ. 2025-26ನೇ ಸಾಲಿನಿಂದ ಹೊಸ ಪದ್ಧತಿಯಲ್ಲಿ ಸಂಬಳದಾರರಿಗೆ 12.75 ಲಕ್ಷದವರೆಗೆ ತೆರಿಗೆ ಬೀಳಲ್ಲ. ನಿಮ್ಮಿಬ್ಬರ ಸಂಬಳವನ್ನು ಬೇರೆ ಬೇರೆಯಾಗಿ ಹಿಡಿದರೆ ಬಹುಶಃ ಅದರೊಳಗೇ ಇರುತ್ತೀರಿ. ಇಲ್ಲದ ತೆರಿಗೆಯನ್ನು ಉಳಿಸೋಕೆ ಸಾಲ ಇಟ್ಟುಕೊಳ್ಳೋದು ಯಾಕೆ?

ಫ್ಲಾಟಿನ ಬೆಲೆ ಬಿಟ್ಟು ಉಳಿದ ಖರ್ಚಿಗೂ ಬನ್ನಿ. ಕರ್ನಾಟಕದಲ್ಲಿ 45 ಲಕ್ಷ ದಾಟಿದ ಆಸ್ತಿಗೆ ಮುದ್ರಾಂಕ ಶುಲ್ಕ ಶೇ 5. ಸೆಸ್ಸು, ಸರ್‌ಚಾರ್ಜು ಸೇರಿದರೆ ನಗರದಲ್ಲಿ ಶೇ 5.6. ನೋಂದಣಿ ಶುಲ್ಕ ಮೊದಲು ಶೇ 1 ಇತ್ತು, 2025ರ ಆಗಸ್ಟ್ 31ರಿಂದ ಶೇ 2 ಆಗಿದೆ. 65 ಲಕ್ಷಕ್ಕೆ ಎಲ್ಲ ಸೇರಿ ಹತ್ತಿರ ಹತ್ತಿರ 4.94 ಲಕ್ಷ. ಕಟ್ಟುತ್ತಿರುವ ಫ್ಲಾಟ್ ಆದರೆ ಅದರ ಮೇಲೆ ಶೇ 5 ಜಿಎಸ್‌ಟಿ, ಅಂದರೆ ಇನ್ನೊಂದು 3.25 ಲಕ್ಷ. ಕೈಯಿಂದ ಹಾಕಬೇಕಾದ 15 ಲಕ್ಷದ ಜೊತೆಗೆ ಇದೂ ಕೈಯಿಂದಲೇ ಬರಬೇಕು. ಇಲ್ಲಿ ದುಡ್ಡು ಸಾಲದೆ ಪರ್ಸನಲ್ ಲೋನ್ ಮಾಡುವವರನ್ನು ಸಾಕಷ್ಟು ನೋಡಿದ್ದೇನೆ. ಮಾಡ್ಯುಲರ್ ಕಿಚನ್ನಿಗೆ ಅಂತ ಮಾಡುವವರೂ ಇದ್ದಾರೆ. ಅಡುಗೆಮನೆ ಒಂದು ವರ್ಷ ಕಾಯಬಹುದು. ಪರ್ಸನಲ್ ಲೋನಿನ ಬಡ್ಡಿ ಕಾಯಲ್ಲ.

ಸಾಲದ ಜೊತೆ ವಿಮೆಯನ್ನೂ ಕಟ್ಟಿ ಕೊಡುತ್ತಾರೆ, ಹುಷಾರು. ಇದು ನನಗೇ ಆದದ್ದು. ನನ್ನ ಮೊದಲ ಮನೆಸಾಲದಲ್ಲಿ ವಿಮೆಯ ಒಂದೇ ಕಂತಿನ ಪ್ರೀಮಿಯಮ್ಮನ್ನು ಸಾಲದ ಮೊತ್ತಕ್ಕೇ ಸೇರಿಸಿದ್ದರು. ಎಲ್ಲಿ ಸಹಿ ಹಾಕಿ ಅಂದರೋ ಅಲ್ಲಿ ಹಾಕುತ್ತಾ ಹೋಗಿದ್ದೆ. ಎರಡು ವರ್ಷ ಆದಮೇಲೆ ಗೊತ್ತಾಯಿತು. ನಿಮ್ಮ ದರದಲ್ಲಿ ಒಂದು ಲಕ್ಷದ ಪ್ರೀಮಿಯಂ ಸಾಲಕ್ಕೆ ಸೇರಿದರೆ ಇಪ್ಪತ್ತು ವರ್ಷದಲ್ಲಿ 2.08 ಲಕ್ಷ ಆಗುತ್ತದೆ. ವಿಮೆ ಬೇಡ ಅನ್ನುತ್ತಿಲ್ಲ, ದೊಡ್ಡ ಸಾಲ ಇರುವವರಿಗೆ ಬೇಕೇ ಬೇಕು. ಆದರೆ ಟರ್ಮ್ ಪಾಲಿಸಿಯನ್ನು (ಅವಧಿಯೊಳಗೆ ಸತ್ತರೆ ಮಾತ್ರ ಮನೆಯವರಿಗೆ ದುಡ್ಡು ಬರುವ ವಿಮೆ) ಬೇರೆಯಾಗಿ ತಗೊಳ್ಳಿ, ವರ್ಷ ವರ್ಷ ಪ್ರೀಮಿಯಂ ಕಟ್ಟಿ.

ಮನೆಗೆ ಹೋದಮೇಲೆ ಆಸ್ತಿ ತೆರಿಗೆ, ಮೇಂಟೆನೆನ್ಸ್ ಇದ್ದದ್ದೇ. 1,200 ಚದರಡಿಗೆ ಅಡಿಗೆ ಮೂರು ರೂಪಾಯಿ ಹಿಡಿದರೂ ತಿಂಗಳಿಗೆ 3,600. ನೀವು ಉಳಿಸಬೇಕು ಅಂತಿದ್ದ ಐದು ಸಾವಿರದಲ್ಲಿ ಮುಕ್ಕಾಲು ಪಾಲು ಲಿಫ್ಟಿಗೂ ವಾಚ್‌ಮನ್ನಿಗೂ ಹೋಯಿತು.

ಹಾಗಾದರೆ ಏನು ಮಾಡೋದು? 43,391 ನಿಮ್ಮ ಇಬ್ಬರ ಆದಾಯದಲ್ಲಿ ಶೇ 40ರ ಒಳಗೇ ಇದೆ. ಸ್ವಲ್ಪ ಬಿಗಿ, ಆದರೂ ನಡೆಯುತ್ತದೆ. ಇಪ್ಪತ್ತನ್ನೇ ಆರಿಸಿ ಅನ್ನೋದು ನನ್ನ ಅಭಿಪ್ರಾಯ. ಇಬ್ಬರಲ್ಲಿ ಒಬ್ಬರ ಕೆಲಸ ಗಟ್ಟಿ ಇಲ್ಲ, ಇಲ್ಲಾ ಮಗುವಿಗಾಗಿ ಎರಡು ವರ್ಷ ಸಂಬಳ ನಿಲ್ಲಬಹುದು ಅನ್ನಿಸಿದರೆ ಮೂವತ್ತಕ್ಕೆ ಸಹಿ ಹಾಕಿ. ಕೈಯಲ್ಲಿ ದುಡ್ಡಿದ್ದಾಗ ಜಾಸ್ತಿ ಕಟ್ಟುತ್ತಾ ಹೋಗಿ. ಬದಲಾಗುವ ಬಡ್ಡಿಯ ಮನೆಸಾಲವನ್ನು ವ್ಯಕ್ತಿಗಳು ಮುಂಚಿತವಾಗಿ ತೀರಿಸಿದರೆ ಬ್ಯಾಂಕು ದಂಡ ಹಾಕುವಂತಿಲ್ಲ. ಪ್ರತಿ ತಿಂಗಳು ಆ ಐದು ಸಾವಿರವನ್ನು ಅಸಲಿಗೇ ಹಾಕಿದರೆ ಮೂವತ್ತು ವರ್ಷದ ಸಾಲವೂ ಇಪ್ಪತ್ತಕ್ಕೇ ಮುಗಿಯುತ್ತದೆ. ಬಾಯಲ್ಲಿ ಹೇಳಿಕೊಂಡರೆ ಸಾಲದು, ಸಂಬಳದ ಖಾತೆಯಿಂದ ತಾನಾಗಿಯೇ ಹೋಗುವ ಹಾಗೆ ಬರೆದುಕೊಡಿ. ಇಲ್ಲದಿದ್ದರೆ ಆ ದುಡ್ಡು ಹಬ್ಬಕ್ಕೊಂದು ಪ್ರವಾಸಕ್ಕೊಂದು ಅಂತ ಹೋಗಿಬಿಡುತ್ತದೆ.

ಇಪ್ಪತ್ತು ವರ್ಷದ ಸಾಲಕ್ಕೂ ಒಂದು ಉಪಾಯ ಇದೆ. ವರ್ಷಕ್ಕೆ ಒಂದೇ ಒಂದು ಕಂತು ಹೆಚ್ಚಿಗೆ ಕಟ್ಟಿ. ಬೋನಸ್ಸೋ, ಮೌಲ್ಯಮಾಪನದ ದುಡ್ಡೋ, ಯಾವುದಾದರೂ ಆಗಲಿ. ಸಾಲ 16 ವರ್ಷ 8-9 ತಿಂಗಳಿಗೇ ಮುಗಿಯುತ್ತದೆ. ಬಡ್ಡಿಯಲ್ಲಿ 10 ಲಕ್ಷ ಉಳಿಯುತ್ತದೆ. ಹೀಗೆ ಕಟ್ಟುವಾಗ 'ಕಂತು ಇಳಿಸಬೇಡಿ, ಅವಧಿ ಇಳಿಸಿ' ಅಂತ ಬರೆದು ಕೊಡೋದು ಮರೆಯಬೇಡಿ.

ಅಪ್ಪನಿಗೆ ಅವರೇ ಸರಿ ಅಂತ ಹೇಳಿ. ಆದರೆ ಇರೋ ಬರೋ ಉಳಿತಾಯವನ್ನೆಲ್ಲಾ ಸಾಲಕ್ಕೆ ಸುರಿಯಬೇಡಿ. ಆರು ತಿಂಗಳ ಕಂತು ಮತ್ತು ಮನೆಖರ್ಚು ಬ್ಯಾಂಕಿನಲ್ಲಿ ಬೇರೆಯಾಗಿ ಇರಲಿ.

ಪ್ರಶ್ನೆ: 2021ರ ಶುರುವಿನಲ್ಲಿ ಶೇ 6.7 ಬಡ್ಡಿಗೆ 50 ಲಕ್ಷ, ಇಪ್ಪತ್ತು ವರ್ಷಕ್ಕೆ ಸಾಲ ತಗೊಂಡೆ. ಕಂತು 37,870. ಇವತ್ತಿಗೂ ಅಷ್ಟೇ ಇದೆ, ಒಂದೂ ತಪ್ಪಿಸಿಲ್ಲ. ಐದು ವರ್ಷ ಆಯಿತು. ಆಪ್‌ನಲ್ಲಿ ನೋಡಿದರೆ 47 ಲಕ್ಷ ಬಾಕಿ, ಇನ್ನೂ 22 ವರ್ಷ ಅಂತ ತೋರಿಸುತ್ತಿದೆ. ಬ್ಯಾಂಕಿನವರು ಮೋಸ ಮಾಡುತ್ತಿದ್ದಾರಾ?

ಉತ್ತರ: ಮೋಸ ಅಲ್ಲ. ಆದರೆ ನಿಮಗೆ ಸರಿಯಾಗಿ ತಿಳಿಸಿಲ್ಲ ಅನ್ನಿಸುತ್ತದೆ.

ನೀವು ಸಾಲ ತಗೊಂಡಾಗ ರಿಸರ್ವ್ ಬ್ಯಾಂಕಿನ ರೆಪೊ ದರ, ಅಂದರೆ ಅದು ಬ್ಯಾಂಕುಗಳಿಗೆ ಸಾಲ ಕೊಡುವ ಬಡ್ಡಿ, ಶೇ 4 ಇತ್ತು. 2022ರ ಮೇನಿಂದ ಏರೋಕೆ ಶುರುವಾಗಿ 2023ರ ಫೆಬ್ರವರಿಗೆ 6.5 ಮುಟ್ಟಿತು. 2019ರ ಅಕ್ಟೋಬರ್‌ನಿಂದ ಬ್ಯಾಂಕುಗಳು ಹೊಸದಾಗಿ ಕೊಡುವ, ಬದಲಾಗುವ ಬಡ್ಡಿಯ ಮನೆಸಾಲಗಳೆಲ್ಲ ಇಂಥ ಹೊರಗಿನ ದರಕ್ಕೇ ಜೋಡಣೆ ಆಗಿರಬೇಕು ಅನ್ನೋದು ನಿಯಮ. ಹಾಗಾಗಿ ನಿಮ್ಮ 6.7 ಕೂಡ 9.2 ಆಯಿತು. ಆಗ ಬಾಕಿ 47.5 ಲಕ್ಷ ಅಂತ ಹಿಡಿದರೆ ತಿಂಗಳ ಬಡ್ಡಿಯೇ 36,417. ಕಂತು 37,870. ಅಸಲಿಗೆ ಹೋಗಿದ್ದು ಬರೀ 1,450 ರೂಪಾಯಿ. ಅದೇ ವೇಗದಲ್ಲಿ ಹೋಗಿದ್ದರೆ ಸಾಲ ಮುಗಿಯೋಕೆ ಇನ್ನೂ 35 ವರ್ಷ ಬೇಕಿತ್ತು. 2025ರಲ್ಲಿ ರೆಪೊ ದರ ಹಂತ ಹಂತವಾಗಿ 5.25ಕ್ಕೆ ಇಳಿಯಿತಲ್ಲ, ಅದರಿಂದ ನಿಮ್ಮದು 22 ವರ್ಷಕ್ಕೆ ಬಂದು ನಿಂತಿದೆ.

ಇದುವರೆಗೆ ನೀವು ಕಟ್ಟಿದ್ದು 22.7 ಲಕ್ಷ. ಕರಗಿದ್ದು ಮೂರು ಲಕ್ಷ. ಹೊಟ್ಟೆ ಉರಿಯೋದು ಸಹಜವೇ.

ದರ ಏರಿದಾಗ ಕಂತು ಮುಟ್ಟದೆ ಅವಧಿ ಎಳೆಯೋದು ಬ್ಯಾಂಕುಗಳ ರೂಢಿ. ಕಂತು ಏರಿದ್ದರೆ ನೀವು ಮಾರನೇ ದಿನವೇ ಬ್ರಾಂಚಿಗೆ ಹೋಗುತ್ತಿದ್ದಿರಿ. ಅವಧಿ ಬೆಳೆದರೆ ಯಾರಿಗೂ ಗೊತ್ತಾಗಲ್ಲ. ಈ ಬಗ್ಗೆ ರಿಸರ್ವ್ ಬ್ಯಾಂಕು 2023ರ ಆಗಸ್ಟ್‌ನಲ್ಲಿ ಸೂಚನೆ ಹೊರಡಿಸಿತು. ದರ ಬದಲಾದಾಗ ಅದರ ಪರಿಣಾಮವನ್ನು ಗ್ರಾಹಕರಿಗೆ ತಿಳಿಸಬೇಕು. ಕಂತು ಏರಿಸೋದೋ, ಅವಧಿ ಹೆಚ್ಚಿಸೋದೋ, ಎರಡನ್ನೂ ಸ್ವಲ್ಪ ಸ್ವಲ್ಪ ಮಾಡೋದೋ ಅಂತ ಆರಿಸೋಕೆ ಬಿಡಬೇಕು. ಬಡ್ಡಿಯನ್ನೂ ತೀರಿಸಲಾಗದಷ್ಟು ಕಂತು ಸಣ್ಣದಾಗುವ ಹಾಗೆ ಅವಧಿ ಎಳೆಯಬಾರದು.

ಈಗ ಬ್ರಾಂಚಿಗೆ ಹೋಗಿ ಎರಡು ಕೆಲಸ ಮಾಡಿ. ಒಂದು, ಕಂತನ್ನು 44,800ರ ಹತ್ತಿರಕ್ಕೆ ಏರಿಸಿ ಅಂತ ಅರ್ಜಿ ಕೊಡಿ. ನಿಮ್ಮ ಈಗಿನ ದರ 7.95ರ ಆಸುಪಾಸಿನಲ್ಲಿದ್ದರೆ ಸಾಲ ಮೊದಲಿನ ಗಡುವಿಗೇ, ಅಂದರೆ ಇನ್ನು 15 ವರ್ಷಕ್ಕೆ ಮುಗಿಯುತ್ತದೆ. ಐದು ವರ್ಷದಲ್ಲಿ ನಿಮ್ಮ ಸಂಬಳ ಏರಿರುತ್ತದಲ್ಲ, ಅದಕ್ಕೆ ಇದಕ್ಕಿಂತ ಒಳ್ಳೆ ಉಪಯೋಗ ಇಲ್ಲ. ಎರಡು, ಹೊಸಬರಿಗೆ ಎಷ್ಟಕ್ಕೆ ಸಾಲ ಕೊಡುತ್ತಿದ್ದೀರಿ ಅಂತ ಕೇಳಿ. ನಿಮಗಿಂತ ಕಾಲು ಪರ್ಸೆಂಟ್ ಕಡಿಮೆ ಇದ್ದರೂ 47 ಲಕ್ಷಕ್ಕೆ ವರ್ಷಕ್ಕೆ ಹನ್ನೊಂದು ಸಾವಿರದ ಮೇಲೆ ಆಯಿತು. ಒಂದು ಸಲ ಕನ್ವರ್ಷನ್ ಫೀ ಕಟ್ಟಿ ಆ ದರಕ್ಕೆ ಬದಲಾಯಿಸಿಕೊಳ್ಳಬಹುದು. ಬೇರೆ ಬ್ಯಾಂಕಿಗೆ ಹೋಗೋದು ಕೊನೆಯ ಮಾತು. ಅಲ್ಲಿ ಪ್ರೊಸೆಸಿಂಗ್ ಫೀ, ವಕೀಲರ ಪರಿಶೀಲನೆ, ಅಡಮಾನದ ನೋಂದಣಿ ಎಲ್ಲ ಮೊದಲಿಂದ.

ಪ್ರಶ್ನೆ: ಹೋದ ತಿಂಗಳು ನಮ್ಮ ಮನೆಸಾಲ ಪೂರ್ತಿ ತೀರಿತು. ಇನ್ನು ಏನಾದರೂ ಕೆಲಸ ಬಾಕಿ ಇದೆಯಾ?

ಉತ್ತರ: ಇದೆ. ಪತ್ರಗಳು ಕೈಗೆ ಬಂದವಾ? ಸಾಲ ತೀರಿದ 30 ದಿನದೊಳಗೆ ಬ್ಯಾಂಕು ಮೂಲ ಪತ್ರಗಳನ್ನೆಲ್ಲ ವಾಪಸ್ ಕೊಡಬೇಕು. ತಡ ಅವರದ್ದೇ ಆಗಿದ್ದರೆ ದಿನಕ್ಕೆ 5,000 ರೂಪಾಯಿ ಪರಿಹಾರ. 2023ರ ಡಿಸೆಂಬರ್ 1ರಿಂದ ಈ ನಿಯಮ ಇದೆ. ತಗೊಳ್ಳುವಾಗ, ಸಾಲಕ್ಕೆ ಕೊಟ್ಟಿದ್ದ ಪತ್ರಗಳ ಪಟ್ಟಿ ಹಿಡಿದುಕೊಂಡು ಒಂದೊಂದೇ ಪುಟ ಎಣಿಸಿ. ತಾಯಿಪತ್ರ (ಆಸ್ತಿ ಹಿಂದೆ ಯಾರದ್ದಾಗಿತ್ತು ಅಂತ ತೋರಿಸುವ ಹಳೆಯ ಪತ್ರ) ಒಂದು ಕಾಣೆಯಾದರೂ ಮುಂದೆ ಮಾರುವಾಗ ಪರದಾಡಬೇಕಾಗುತ್ತದೆ. ಸಾಲ ಬಾಕಿ ಇಲ್ಲ ಅಂತ ಬ್ಯಾಂಕು ಕೊಡುವ ಎನ್‌ಒಸಿಯಲ್ಲಿ ಸಾಲದ ಖಾತೆ ಸಂಖ್ಯೆ ಸರಿ ಇದೆಯಾ ನೋಡಿ.

ಆಮೇಲೆ ಉಪ ನೋಂದಣಾಧಿಕಾರಿ ಕಚೇರಿ. ಸಾಲ ತಗೊಂಡಾಗ ಅಲ್ಲಿ ಅಡಮಾನ ನೋಂದಣಿ ಆಗಿದ್ದರೆ ಅದು ತಾನಾಗಿಯೇ ಅಳಿಸಿ ಹೋಗಲ್ಲ. ಬ್ಯಾಂಕಿನಿಂದ ಬಿಡುಗಡೆ ಪತ್ರ ಮಾಡಿಸಿ ನೋಂದಣಿ ಮಾಡಿಸಬೇಕು. ಕೆಲವರು ಇದಕ್ಕೆ ಆಗುವ ಖರ್ಚು ನೋಡಿ ಸುಮ್ನೆ ಬಿಟ್ಟುಬಿಡುತ್ತಾರೆ. ಆಮೇಲೆ ಮನೆ ಕೊಳ್ಳೋಕೆ ಬಂದವರು ಇಸಿ (ಆಸ್ತಿಯ ಮೇಲಿನ ನೋಂದಾಯಿತ ಸಾಲ, ವ್ಯವಹಾರ ತೋರಿಸುವ ಋಣಭಾರ ಪತ್ರ) ತೆಗೆಸಿದಾಗ, ಎಂದೋ ತೀರಿದ ಸಾಲ ಅಲ್ಲಿ ಹಾಗೇ ಕೂತಿರುತ್ತದೆ. ಬಿಡುಗಡೆ ಆದಮೇಲೆ ನೀವೇ ಒಂದು ಹೊಸ ಇಸಿ ತೆಗೆಸಿ, ಮೂಲ ಪತ್ರಗಳ ಜೊತೆಗೇ ಇಟ್ಟುಕೊಳ್ಳಿ.