‘ಪರವಾಗಿಲ್ಲ, ನಾನಿದ್ದೇನೆ’ ಎನ್ನುವ ಮಗ

ತಿಪಟೂರಿನ ಕೊಬ್ಬರಿ ಮಂಡಿಯೊಂದರಲ್ಲಿ ಲೆಕ್ಕ ಬರೆಯುವ, ನಲವತ್ತು ದಾಟಿದ ವ್ಯಕ್ತಿಯೊಬ್ಬರು ಆಪ್ತಸಲಹೆಗೆಂದು ತುಮಕೂರಿಗೆ ನನ್ನ ಬಳಿ ಬಂದಾಗ ಮೊದಲು ಹೇಳಿದ್ದು, ‘ನಾನು ಕಪಟಿ’ ಎಂದು. (ಗುರುತು ಸಿಗದಂತೆ ವಿವರಗಳನ್ನು ಬದಲಿಸಿದ್ದೇನೆ.) ಪಾರ್ಶ್ವವಾಯುವಿನಿಂದ ಹಾಸಿಗೆ ಹಿಡಿದ ತಂದೆಗೆ ಉಣಿಸುವುದು, ಮೈ ಒರೆಸುವುದು, ರಾತ್ರಿ ಎದ್ದು ಮಗ್ಗುಲು ಬದಲಿಸುವುದು, ಎಲ್ಲವೂ ಅವರದೇ ಪಾಲು. ಬೀದಿಯವರ ಬಾಯಲ್ಲಿ ಅವರು ಶ್ರವಣಕುಮಾರ. ಆದರೆ ಗಂಜಿಯ ಚಮಚ ಹಿಡಿದಿರುವಾಗಲೇ ‘ಇವರು ಬೇಗ ಹೋಗಿಬಿಡಬಾರದೇ’ ಎಂಬ ಯೋಚನೆ ಬರುತ್ತದೆ. ನಿದ್ದೆಯಲ್ಲಿ ಹಲ್ಲು ಕಡಿದು ಬೆಳಿಗ್ಗೆ ದವಡೆ ನೋಯುತ್ತದೆ.

ದೀರ್ಘಕಾಲ ಆರೈಕೆ ಮಾಡುವವರಲ್ಲಿ ಇಂಥ ಯೋಚನೆ ಅಪರೂಪವಲ್ಲವೆಂದೂ, ಸಿಟ್ಟು ಕೇಳಿಕೊಂಡು ಬರುವುದಿಲ್ಲವೆಂದೂ, ಅದು ಇದ್ದೂ ಮೆತ್ತಗೆ ಉಣಿಸುವುದನ್ನು ನಾನು ಕಪಟವೆಂದು ಒಪ್ಪುವುದಿಲ್ಲವೆಂದೂ ಹೇಳಿದೆ. ನನಗೆ ಆತಂಕ ತಂದದ್ದು ಬೇರೆ: ಒಂದು ರಾತ್ರಿ ಮೈ ಒರೆಸುವಾಗ ಕೈ ಒರಟಾಯಿತೆಂದು ಅವರು ತಲೆ ತಗ್ಗಿಸಿ ಹೇಳಿದ ಮಾತು. ಯೋಚನೆಗೆ ಕ್ಷಮೆ ಸಾಕು, ಕೈಗೆ ವಿಶ್ರಾಂತಿ ಬೇಕು.

ಮನಶ್ಶಾಸ್ತ್ರಜ್ಞರಾದ ಜೇಮ್ಸ್ ಗ್ರಾಸ್ ಮತ್ತು ರಾಬರ್ಟ್ ಲೆವೆನ್‌ಸನ್ 1997ರಲ್ಲಿ ಪ್ರಕಟಿಸಿದ ಪ್ರಯೋಗದಲ್ಲಿ, ದುಃಖದ ದೃಶ್ಯ ನೋಡುತ್ತ ಭಾವವನ್ನು ಮುಖದ ಮೇಲೆ ತೋರಿಸದಂತೆ ತಡೆದುಕೊಂಡವರಿಗೆ ದುಃಖವೇನೂ ಕಡಿಮೆಯಾಗಲಿಲ್ಲ. ದೇಹದೊಳಗಿನ ಉದ್ವೇಗ ಮಾತ್ರ ಹೆಚ್ಚಿತು. ಆದ್ದರಿಂದ ದವಡೆಯನ್ನೂ ರಕ್ತದೊತ್ತಡವನ್ನೂ ವೈದ್ಯರಿಗೆ ತೋರಿಸಲು ಹೇಳಿದೆ.

ಮನಸ್ಸಿಗೂ ಮಾತಿಗೂ ನಡುವೆ ಮುಚ್ಚಬೇಕಾದ ಅಂತರ ತಂದೆಯ ಮಂಚದ ಬಳಿ ಇರಲಿಲ್ಲ, ಫೋನಿನಲ್ಲಿತ್ತು. ಬೆಂಗಳೂರಿನಲ್ಲಿರುವ ತಮ್ಮ ಪ್ರತಿ ಭಾನುವಾರ ‘ನಾನು ಬರಲಾ?’ ಎಂದು ಕೇಳುತ್ತಾನೆ, ಇವರು ‘ಪರವಾಗಿಲ್ಲ, ನಾನಿದ್ದೇನೆ’ ಎನ್ನುತ್ತಾರೆ, ಆಮೇಲೆ ಅವನು ಬರಲಿಲ್ಲವೆಂದು ವಾರವಿಡೀ ಕುದಿಯುತ್ತಾರೆ. ತಮ್ಮನಿಗೆ ಇವರ ಮನಸ್ಸು ತಿಳಿಯುವ ದಾರಿಯೇ ಇಲ್ಲ. (ಹೊಗಳಿಕೆಯ ರುಚಿಯೂ ಇದರಲ್ಲಿ ಸ್ವಲ್ಪ ಸೇರಿರಬಹುದೆಂದಾಗ ಅವರು ನಕ್ಕರು.) ಮುಂದಿನ ಕರೆಯಲ್ಲಿ ದೂರು, ವ್ಯಂಗ್ಯ ಎರಡೂ ಇಲ್ಲದೆ, ‘ನನ್ನ ಕೈಲಿ ಆಗುತ್ತಿಲ್ಲ, ತಿಂಗಳಿಗೆ ಎರಡು ಶನಿವಾರ ನೀನು ಬಂದಿರು’ ಎಂದಷ್ಟೇ ಹೇಳುವಂತೆ ಸೂಚಿಸಿ, ಆ ವಾಕ್ಯವನ್ನು ನನ್ನೆದುರೇ ಹೇಳಿಸಿದೆ, ಮೊದಲ ಸಲ ಗಂಟಲು ಕಟ್ಟಿತು. ಸಿಟ್ಟು ಕೈಗಿಳಿಯುವಂತಾದಾಗ ತಂದೆಯನ್ನು ಸುರಕ್ಷಿತವಾಗಿ ಮಲಗಿಸಿ, ಹೆಂಡತಿಗೆ ಹೇಳಿ ಹೊರಗೆ ನಡೆಯಬೇಕೆಂದೂ, ರಾತ್ರಿ ಮಾತಾಡಲು ಯಾರೂ ಇಲ್ಲವೆನಿಸಿದರೆ ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿಯಾದ ಟೆಲಿ-ಮಾನಸ್‌ನ 14416ಕ್ಕೆ ಕನ್ನಡದಲ್ಲೇ ಕರೆ ಮಾಡಬಹುದೆಂದೂ ತಿಳಿಸಿದೆ.

ತಮ್ಮ ಈಗ ಬರುತ್ತಾನೆ, ಆದರೆ ಉಣಿಸುವ ರೀತಿ ಸರಿಯಿಲ್ಲವೆಂದು ಇವರಿಗೆ ಹೊಸ ಅಸಮಾಧಾನ. ಅದನ್ನು ಬಾಯಿಬಿಟ್ಟು ಹೇಳುತ್ತಿದ್ದಾರೆ.